ಜೇಮ್ಸ್ ಸ್ಟೀವರ್ಟ್ ಮುಖದ ಪಕ್ಕದ ಶಾಟ್

ಸಂಕಲನದ ರುಚಿ ಹತ್ತಬೇಕೆಂದರೆ ಆಲ್ಫ್ರೆಡ್ ಹಿಚ್‌ಕಾಕ್‌ನ ‘ರಿಯರ್ ವಿಂಡೋ’ (1954) ಹಾಕಿಕೊಂಡು ಜೇಮ್ಸ್ ಸ್ಟೀವರ್ಟ್‌ನ ಮುಖವನ್ನೇ ನೋಡುತ್ತಾ ಕೂರಿ. ಆ ಹೊತ್ತಿಗೆ ಅಮೆರಿಕದ ಪ್ರೇಕ್ಷಕರಿಗೆ ಆತ ಅಪ್ಪಟ ಸಜ್ಜನ. ‘ಇಟ್ಸ್ ಎ ವಂಡರ್‌ಫುಲ್ ಲೈಫ್’ನಲ್ಲಿ (1946) ಊರಿನವರಿಗಾಗಿ ತನ್ನ ಆಸೆಗಳನ್ನೆಲ್ಲ ಬಿಟ್ಟುಕೊಟ್ಟವನು, ಎರಡನೇ ಮಹಾಯುದ್ಧದಲ್ಲಿ ನಿಜವಾಗಿಯೂ ಬಾಂಬರ್ ವಿಮಾನ ಹಾರಿಸಿದವನು. ‘ರಿಯರ್ ವಿಂಡೋ’ದಲ್ಲಿ ಕಾಲು ಮುರಿದುಕೊಂಡು ಗಾಲಿಕುರ್ಚಿ ಹಿಡಿದ ಫೋಟೋಗ್ರಾಫರ್. ಹೊತ್ತು ಹೋಗದೆ ಎದುರುಮನೆಗಳ ಕಿಟಕಿಗಳನ್ನು ದಿಟ್ಟಿಸುತ್ತಾನೆ.

ಆ ಮುಖವನ್ನು ಸಂಕಲನ ಬದಲಿಸುವ ಗುಟ್ಟನ್ನು ಹಿಚ್‌ಕಾಕ್ ತಾನೇ ಫ್ರೆಂಚ್ ನಿರ್ದೇಶಕ ತ್ರುಫೊಗೆ ಬಿಡಿಸಿ ಹೇಳಿದ್ದ. ಬುಟ್ಟಿಯಲ್ಲಿ ಕೆಳಗಿಳಿಯುವ ಪುಟ್ಟ ನಾಯಿಯನ್ನು ತೋರಿಸಿ ಸ್ಟೀವರ್ಟ್‌ನ ನಗುವಿಗೆ ಮರಳಿದರೆ ಆತ ಕರುಣಾಳು. ನಾಯಿಯ ಜಾಗದಲ್ಲಿ ಅರೆಬಟ್ಟೆಯಲ್ಲಿ ವ್ಯಾಯಾಮ ಮಾಡುವ ಹುಡುಗಿಯನ್ನಿಟ್ಟರೆ, ಅದೇ ನಗು ಚಪಲದ ಮುದುಕನದು. ರಷ್ಯಾದ ನಿರ್ದೇಶಕ ಲೆವ್ ಕುಲೆಶೋವ್ ಇದನ್ನು ಬಹಳ ಮೊದಲೇ ಪ್ರಯೋಗ ಮಾಡಿ ನೋಡಿದ್ದ. ಹಿಚ್‌ಕಾಕ್ ಅದನ್ನು ಜನ ನಂಬಿದ ತಾರೆಯೊಬ್ಬನ ಮೇಲೆ ಪ್ರಯೋಗಿಸಿದ.

ಮೊದಲ ಸಲ ಸದ್ದು ಆರಿಸಿ ನೋಡಿ. ಸ್ಟೀವರ್ಟ್‌ನ ಕಣ್ಣು ಹೊರಳಿದ ಕೂಡಲೇ ಚಿತ್ರ ನಿಲ್ಲಿಸಿ, ಆತ ಏನನ್ನು ನೋಡುತ್ತಿರಬಹುದೆಂದು ಊಹಿಸಿ, ಆಮೇಲೆ ಮುಂದಕ್ಕೆ ಬಿಡಿ. ಮುಖ, ಕಂಡದ್ದು, ಮತ್ತೆ ಮುಖ: ಸಂಕಲನಕಾರ ಜಾರ್ಜ್ ತೊಮಾಸಿನಿ ಈ ಮೂರನ್ನೇ ಹೆಣೆಯುತ್ತಾ ಹೋಗುತ್ತಾನೆ. ಬರಿಗಣ್ಣು ಹೋಗಿ ಬೈನಾಕ್ಯುಲರ್, ಅದೂ ಸಾಲದೆ ಉದ್ದನೆಯ ಲೆನ್ಸ್ ಬರುತ್ತದೆ. ಪ್ರತಿ ಸಲವೂ ನಾವೂ ಆತನೊಂದಿಗೆ ಇನ್ನಷ್ಟು ಹತ್ತಿರ ಹೋಗಿ ಇಣುಕುತ್ತೇವೆ.

ಒಂದು ದೃಶ್ಯವನ್ನಂತೂ ಮತ್ತೆ ಮತ್ತೆ ನೋಡಬೇಕು. ಎದುರಿನ ಒಂಟಿ ಹೆಂಗಸು ಇಬ್ಬರಿಗೆಂದು ಮೇಜು ಸಿದ್ಧಮಾಡಿ, ಬಾರದ ಅತಿಥಿಯತ್ತ ಲೋಟ ಎತ್ತುತ್ತಾಳೆ. ಕಟ್. ಸ್ಟೀವರ್ಟ್ ಕೂಡ ತನ್ನ ಲೋಟ ಎತ್ತುತ್ತಾನೆ. ಮರುಗುವ ಮನಸ್ಸೂ ಕದ್ದು ನೋಡುವ ಕಣ್ಣೂ ಆ ಒಂದೇ ಮುಖದಲ್ಲಿವೆ. ಅವಳು ಮೇಜಿನ ಮೇಲೆ ತಲೆಯಿಟ್ಟು ಅತ್ತಾಗ ನಮಗೂ ಅಲ್ಲಿಂದ ಎದ್ದು ಹೋಗಬೇಕೆನ್ನಿಸುತ್ತದೆ, ಆದರೆ ಹೋಗುವುದಿಲ್ಲ. ಖಳನಟನೊಬ್ಬ ಆ ಕುರ್ಚಿಯಲ್ಲಿದ್ದಿದ್ದರೆ ನಾವು ಇಷ್ಟು ದೂರ ಬರುತ್ತಲೇ ಇರಲಿಲ್ಲ. ಸ್ಟೀವರ್ಟ್‌ನ ಒಳ್ಳೆಯ ಹೆಸರೇ ನಮ್ಮನ್ನು ಕೈಹಿಡಿದು ಕರೆತಂದದ್ದು. ಈ ಚಿತ್ರ ಆ ಹೆಸರಿಗೆ ಮಸಿ ಬಳಿಯುವುದಿಲ್ಲ, ಅದರೊಳಗೊಂದು ಅನುಮಾನ ಬಿತ್ತುತ್ತದೆ. ನನ್ನ ಮಟ್ಟಿಗೆ ಅದು ಹೆಚ್ಚಿನ ಕಲೆ.

ಇದು ಕೈಗೆ ಹತ್ತಿದ ಮೇಲೆ ‘ವರ್ಟಿಗೊ’ (1958) ನೋಡಿ. ಅದೇ ಸ್ಟೀವರ್ಟ್, ಅದೇ ತೊಮಾಸಿನಿ. ಸ್ಯಾನ್ ಫ್ರಾನ್ಸಿಸ್ಕೊದ ಬೀದಿಗಳಲ್ಲಿ ಆತ ಪತ್ತೇದಾರನಾಗಿ ನಟಿ ಕಿಮ್ ನೊವಾಕ್‌ಳ ಕಾರಿನ ಹಿಂದೆ ಮಾತಿಲ್ಲದೆ ಸಾಗುತ್ತಾನೆ. ಪತ್ತೇದಾರಿಕೆ ಯಾವ ಕಟ್‌ನಲ್ಲಿ ಮರುಳಾಗಿ ತಿರುಗಿತು ಎಂದು ಗುರುತು ಹಾಕಿಕೊಳ್ಳಿ. ಹೂವಿನಂಗಡಿಯ ಬಾಗಿಲ ಸಂದಿಯಿಂದ ಆತ ಇಣುಕುವಲ್ಲಿ ಎನ್ನುವುದು ನನ್ನ ಅಂದಾಜು.