ಖಳನಿಲ್ಲದ ಕಥೆಗಳು

ಸಕಲೇಶಪುರ, ಆಲೂರಿನ ಗುಡ್ಡಗಳು ಸಿನಿಮಾದವರಿಗೆ ಬೇಕಾಗುವುದು ಹೆಚ್ಚಾಗಿ ಹಾಡಿಗೆ. ಮಂಜಿನ ತಿರುವಿನಲ್ಲಿ ಜೋಡಿಯೊಂದು ಕುಣಿದು ಹೋಗುತ್ತದೆ. ಹಿಂದಿರುವ ಕಾಫಿತೋಟದ ಕೂಲಿಕಾರರ ಲೈನ್ ಮನೆಗಳತ್ತ ಕ್ಯಾಮೆರಾ ತಿರುಗುವುದಿಲ್ಲ. ನಮ್ಮದೇ ಜಿಲ್ಲೆಯ ಊರೊಂದನ್ನು ಹೆಸರಲ್ಲಿ ಹೊತ್ತಿರುವ ನಿರ್ದೇಶಕ ಪೃಥ್ವಿ ಕೊಣನೂರು ಮಾಡುವುದು ನಗರದ ಚಿತ್ರಗಳನ್ನು. ಆದರೂ ಅವುಗಳ ಪ್ರಶ್ನೆಗಳು ಈ ಲೈನ್ ಮನೆಗಳ ಬಾಗಿಲಿಗೇ ಬಂದು ನಿಲ್ಲುತ್ತವೆ.

'ರೈಲ್ವೇ ಚಿಲ್ಡ್ರನ್' (2016) ಮನೆ ಬಿಟ್ಟು ಬಂದು ರೈಲು ನಿಲ್ದಾಣದಲ್ಲಿ ಬದುಕುವ ಹುಡುಗರ ಕಥೆ. ಅದರ ಬಾಲನಟ ಮನೋಹರನಿಗೆ ರಾಷ್ಟ್ರಪ್ರಶಸ್ತಿ ಬಂತು. ಬೂಸಾನ್ ಚಿತ್ರೋತ್ಸವದವರೆಗೂ ಹೋದ 'ಪಿಂಕಿ ಎಲ್ಲಿ?' (2020) ಅದಕ್ಕಿಂತ ಗಟ್ಟಿ. ಅಕ್ಷತಾ ಪಾಂಡವಪುರ ನಟಿಸಿರುವ ತಾಯಿ ಎಂಟು ತಿಂಗಳ ಕೂಸನ್ನು ಆಯಾ ಕೈಗೆ ಬಿಟ್ಟು ಕೆಲಸಕ್ಕೆ ಹೋಗುತ್ತಾಳೆ. ಆಯಾ ಅದನ್ನು ಭಿಕ್ಷೆ ಬೇಡುವವಳಿಗೆ ಕೊಟ್ಟು ಕಾಸು ಪಡೆಯುತ್ತಾಳೆ. ಒಂದು ದಿನ ಕೂಸು ಕಾಣೆಯಾಗುತ್ತದೆ. ಬೈಯಲು ಒಬ್ಬರು ಸಿಕ್ಕಿಬಿಟ್ಟರೆ ನೋಡುವವರ ಮನಸ್ಸು ಹಗುರ. ಪೃಥ್ವಿ ಹಾಗೆ ಯಾರನ್ನೂ ಒಪ್ಪಿಸುವುದಿಲ್ಲ. ಒಬ್ಬಳ ಸಂಬಳ ಇನ್ನೊಬ್ಬಳ ಅಗ್ಗದ ದುಡಿಮೆಯ ಮೇಲೆ ನಿಂತಿರುವುದನ್ನು ಕಾಣಿಸುತ್ತಾರೆ, ಅಷ್ಟೇ. ತಾಯಿ ದುಡಿಯಲು ಹೊರಟರೆ ಕೂಸು ನೋಡುವವರು ಯಾರು? ಕಾಫಿ ಹಣ್ಣು ಕುಯ್ಯುವ ಕಾಲದಲ್ಲಿ ನಮ್ಮ ತೋಟಗಳಲ್ಲೂ ಇದೇ ಪ್ರಶ್ನೆ. ಎಷ್ಟೋ ಕಡೆ ಶಾಲೆಗೆ ಹೋಗಬೇಕಾದ ಪುಟ್ಟ ಅಕ್ಕನೇ ತಮ್ಮನನ್ನು ಸೊಂಟಕ್ಕೇರಿಸಿಕೊಂಡು ನಿಂತಿರುತ್ತಾಳೆ.

ನನ್ನ ತಕರಾರು ಒಂದಿದೆ. ಹುಡುಕಾಟದ ಓಟದಲ್ಲಿ ಈ ಚಿತ್ರ ಆಯಾಳ ಪಕ್ಕ ಬೇಕಾದಷ್ಟು ಹೊತ್ತು ಕೂರುವುದಿಲ್ಲ. ಜಪಾನಿನ ಹಿರೊಕಾಜು ಕೊರೆ-ಎಡ 'ನೋಬಡಿ ನೋಸ್' (2004) ಚಿತ್ರದಲ್ಲಿ, ತಾಯಿ ಬಿಟ್ಟುಹೋದ ಮಕ್ಕಳ ಜೊತೆ ಟೋಕಿಯೊದ ಸಣ್ಣ ಮನೆಯೊಳಗೆ ತಿಂಗಳುಗಟ್ಟಲೆ ಕಾಯುತ್ತಾರೆ. ಆ ಕಾಯುವಿಕೆಯಲ್ಲಿ ಹುಟ್ಟುವ ಸಂಕಟ 'ಪಿಂಕಿ'ಯಲ್ಲಿ ನನಗೆ ಸಿಗಲಿಲ್ಲ.

'ಹದಿನೇಳೆಂಟು' (2022) ಬರುವ ಹೊತ್ತಿಗೆ ಪೃಥ್ವಿ ಆ ಓಟವನ್ನೇ ತಮ್ಮ ಬಲ ಮಾಡಿಕೊಂಡಿದ್ದಾರೆ. ಗೋವಾ ಚಿತ್ರೋತ್ಸವದ ಭಾರತೀಯ ಪನೋರಮಾ ವಿಭಾಗ ಆ ವರ್ಷ ಶುರುವಾದದ್ದು ಈ ಚಿತ್ರದಿಂದ. ಪಿಯುಸಿ ಓದುವ ಹುಡುಗ ಹುಡುಗಿಯ ಖಾಸಗಿ ವಿಡಿಯೊ ಹೊರಬೀಳುತ್ತದೆ. ಆಮೇಲೆ ಸಭೆ, ವಿಚಾರಣೆ, ಪೋಷಕರಿಗೆ ಕರೆ. ಯಾರೂ ಕಿರುಚುವುದಿಲ್ಲ, ಎಲ್ಲರದೂ ನಿಯಮದ ಮಾತು. ಹುಡುಗ ಬ್ರಾಹ್ಮಣ, ಹುಡುಗಿ ದಲಿತೆ ಎಂಬುದು ಆ ಮಾತುಗಳ ಸಂದಿಯಲ್ಲೇ ನುಸುಳಿ ಬಂದು ಕುರ್ಚಿ ಹಾಕಿಕೊಂಡು ಕೂರುತ್ತದೆ. ಜಾತಿಯ ಬಗ್ಗೆ ಭಾಷಣ ಮಾಡುವ ಹತ್ತು ಚಿತ್ರಗಳಿಗಿಂತ ಈ ಸಭೆಯ ಕೋಣೆ ನನ್ನನ್ನು ಹೆಚ್ಚು ಕಲಕಿತು. ನಮ್ಮ ಗುಡ್ಡದ ಹಳ್ಳಿಗಳಿಂದ ಬೆಳಗಿನ ಬಸ್ಸು ಹಿಡಿದು ಬರುವ ಮಕ್ಕಳ ಕಾಲೇಜುಗಳಲ್ಲಿ ಇದನ್ನು ಮೊದಲು ಅಧ್ಯಾಪಕರಿಗೇ ತೋರಿಸಬೇಕೆಂದು ನನ್ನ ಆಸೆ.