ಡಪ್ಪಿಗೆ ಸಿಕ್ಕ ಕಾಲ

ಕಿತ್ತೂರು ಕೋಟೆಯ ಮುಂದೆ ಬ್ರಿಟಿಷ್ ಕಲೆಕ್ಟರ್ ಥ್ಯಾಕರೆ ಬಿದ್ದದ್ದು 1824ರ ಅಕ್ಟೋಬರ್ 23ರಂದು. ಒಂದೇ ಹಗಲಿನ ಮಾತು. ಗೀಗೀ ಪದ ಹಾಡುವ ಮೇಳದವರ ಕೈಗೆ ಸಿಕ್ಕರೆ ಆ ಹಗಲು ಬೆಳತನಕ ಮುಗಿಯುವುದಿಲ್ಲ. ಮುಂದಿನವ ಡಪ್ಪು ಬಾರಿಸುತ್ತ ಕಥೆ ಓಡಿಸುತ್ತಾನೆ. ಕತ್ತಿ ಎತ್ತಿದ ಗಳಿಗೆಗೆ ಸರಿಯಾಗಿ ಹಿಮ್ಮೇಳ ಗೀಗೀ ಸೊಲ್ಲು ಎಳೆಯುತ್ತದೆ. ತುಂತುಣಿಯ ಒಂಟಿ ತಂತಿ ಮಿಡಿಯುತ್ತಲೇ ಇರುತ್ತದೆ, ಕತ್ತಿ ಮಾತ್ರ ಗಾಳಿಯಲ್ಲೇ! ಹಾಡುಗಾರ ಉಸಿರು ತಗೊಳ್ಳಲಿಕ್ಕೆ ಇದೊಂದು ಉಪಾಯ, ಖರೆ; ಕೇಳುವವರ ಉಸಿರು ಹಿಡಿಸುವುದೂ ಇದೇ. ಕಿತ್ತೂರಿನ ರಾಣಿ ಚೆನ್ನಮ್ಮ ಬೈಲಹೊಂಗಲದ ಸೆರೆಯಲ್ಲಿ ಕಳೆದ ವರ್ಷಗಳನ್ನು, 1829ರ ಸಾವನ್ನು ಬೇಕಾದರೆ ಎರಡೇ ನುಡಿಯಲ್ಲಿ ದಾಟಿಸಬಹುದು. ಇತಿಹಾಸದ ಪುಸ್ತಕಕ್ಕೆ ಈ ಸಲಿಗೆ ಇಲ್ಲ. ರಾಣಿಯ ಪಡೆಯ ಸಂಗೊಳ್ಳಿ ರಾಯಣ್ಣನ ಹೆಸರು ಬಂದರೆ ಲಯ ಮತ್ತೆ ಏರುತ್ತದೆ; ನಂದಗಡದಲ್ಲಿ ಅವನಿಗಾದ ಗಲ್ಲು ಎಷ್ಟು ಹೊತ್ತಿಗೆ ಬರಬೇಕೆಂದು ಗೊತ್ತುಮಾಡುವವ ಡಪ್ಪಿನವನೇ.