‘ಲೆಟ್ ಇಟ್ ಬಿ’ ಚಿತ್ರದ ಜೀರ್ಣೋದ್ಧಾರ

ಹಳೆಯ ಕಾವ್ಯಗಳನ್ನು ಸಂಪಾದಿಸುವವರು ಎರಡು ಪ್ರಶ್ನೆಗಳನ್ನು ಬೆರೆಸುವುದಿಲ್ಲ: ಕವಿ ಬರೆದುದು ಏನು, ಆಯಾ ಕಾಲದ ಓದುಗರ ಕೈಸೇರಿದ ಪಾಠ ಯಾವುದು. ಸಂಗೀತಚಿತ್ರಗಳ ಜೀರ್ಣೋದ್ಧಾರದ ವಿಷಯದಲ್ಲಿಯೂ ಈ ವಿವೇಚನೆ ಅವಶ್ಯಕವೆಂಬುದನ್ನು ಇಂಗ್ಲೆಂಡಿನ ಬೀಟಲ್ಸ್ ವೃಂದದ ‘ಲೆಟ್ ಇಟ್ ಬಿ’ ಚಿತ್ರದ ನಿದರ್ಶನದಿಂದ ತೋರಿಸಬಯಸುತ್ತೇವೆ.

ಮೈಕೆಲ್ ಲಿಂಡ್ಸೆ-ಹಾಗ್ ಅವರು 1969ರ ಜನವರಿಯಲ್ಲಿ ಲಂಡನ್ನಿನಲ್ಲಿ ಇದನ್ನು 16 ಮಿ.ಮೀ. ಫಿಲ್ಮಿನಲ್ಲಿ ಚಿತ್ರೀಕರಿಸಿದರು. 1970ರ ಮೇ ತಿಂಗಳಿನಲ್ಲಿ ಚಿತ್ರಮಂದಿರಗಳಿಗೆ ಬಂದುದು ಅದನ್ನು 35 ಮಿ.ಮೀ.ಗೆ ಹಿಗ್ಗಿಸಿದ ಪ್ರತಿ. ಹಾಗೆ ಹಿಗ್ಗಿಸಿದಾಗ ಫಿಲ್ಮಿನ ಕಣಗಳೂ ಹಿಗ್ಗಿ ಚಿತ್ರ ಮಸಕಾಗುತ್ತದೆ. ವೃಂದವು ಒಡೆದ ಸುದ್ದಿ ಹಿಂದಿನ ತಿಂಗಳೇ ಹಬ್ಬಿದ್ದಿತು. ಆದುದರಿಂದ ಪ್ರೇಕ್ಷಕರು ಆ ಮಸಕಿನಲ್ಲಿ ಕಲಹವನ್ನೂ ವಿಷಾದವನ್ನೂ ಕಂಡುದು ಸಹಜವೇ.

2024ರ ಮೇ 8ರಂದು ಹೊರಬಂದ ಪ್ರತಿಯನ್ನು ಪೀಟರ್ ಜ್ಯಾಕ್ಸನ್ ಅವರ ಪಾರ್ಕ್ ರೋಡ್ ಪೋಸ್ಟ್ ಸಂಸ್ಥೆಯವರು 16 ಮಿ.ಮೀ. ಮೂಲ ನೆಗೆಟಿವಿನಿಂದಲೇ ಸಿದ್ಧಪಡಿಸಿದರು. ಒಂದೇ ಧ್ವನಿಪಥದಲ್ಲಿ ಬೆರೆತುಹೋಗಿದ್ದ ಕಂಠಗಳನ್ನೂ ವಾದ್ಯಗಳನ್ನೂ ಗಣಕಯಂತ್ರದಿಂದ ಬೇರ್ಪಡಿಸಿ ಮತ್ತೆ ಹೊಂದಿಸಿದರು. 1969ರ ಜನವರಿ 30ರಂದು ಸ್ಯಾವಿಲ್ ರೋ ಬೀದಿಯ ಕಟ್ಟಡದ ತಾರಸಿಯ ಮೇಲೆ ನಡೆದ ಕಚೇರಿಯನ್ನು ಈಗ ನೋಡುವವರಿಗೆ ರಿಂಗೋ ಸ್ಟಾರ್ ಅವರ ಕೆಂಪು ಕೋಟೂ ಹ್ಯಾರಿಸನ್ ಅವರ ಹಸಿರು ಷರಾಯಿಯೂ ನಿಚ್ಚಳವಾಗಿ ಕಾಣುತ್ತವೆ. ತಂತಿಯ ಮೇಲಿನ ಬೆರಳುಗಳೂ ಪರಸ್ಪರ ನೋಟಗಳೂ ತಿಳಿಯುತ್ತವೆ. ಮಾತು ಅದೇ, ಹಾಡು ಅದೇ. ಆದರೆ ಭಾವ ಬೇರೆ. ಹಳೆಯ ವಿಷಾದದಲ್ಲಿ ಒಂದು ಪಾಲು ಕಲಾವಿದರದಲ್ಲ, ಪ್ರತಿಯದು ಎಂದು ಇದರಿಂದ ವ್ಯಕ್ತವಾಗುತ್ತದೆ. ಇದು ನಿಜವಾದ ಲಾಭ.

ಆದರೆ 1970ರ ಪ್ರೇಕ್ಷಕನು ಈ ಚಿತ್ರವನ್ನು ಈ ರೂಪದಲ್ಲಿ ನೋಡಲಿಲ್ಲ. ಹೊಸ ಪ್ರತಿಯೊಂದನ್ನೇ ಬಲ್ಲ ವಿದ್ಯಾರ್ಥಿಗೆ ಅಂದಿನವರ ಪ್ರತಿಕ್ರಿಯೆ ಅಕಾರಣವೆಂದು ತೋರೀತು. ಅದೂ ಅಲ್ಲದೆ, ಇದೇ ಚಿತ್ರೀಕರಣದಿಂದ ಜ್ಯಾಕ್ಸನ್ ಅವರು 2021ರಲ್ಲಿ ರಚಿಸಿದ ‘ಗೆಟ್ ಬ್ಯಾಕ್’ನಲ್ಲಿ ಕಣಗಳನ್ನು ಅಳಿಸಿದುದರಿಂದ ಕೆಲವೆಡೆ ಮುಖಗಳು ಮೇಣದವುಗಳಂತೆ ಕಾಣುತ್ತವೆ. ಅಲ್ಲಿ ಸಂಪಾದಕನು ಓದುವುದನ್ನು ಬಿಟ್ಟು ತಿದ್ದಲು ತೊಡಗಿದ್ದಾನೆ.

ಸ್ಪಷ್ಟತೆಯೇ ಪ್ರಾಮಾಣ್ಯವಲ್ಲ. ಜೀರ್ಣೋದ್ಧಾರವಾದ ಚಿತ್ರವು ಒಂದು ಹೊಸ ಆವೃತ್ತಿ. ಯಾವ ಮೂಲದಿಂದ ತೆಗೆದುದು, ಏನನ್ನು ಅಳಿಸಿದುದು, ಏನನ್ನು ಬೇರ್ಪಡಿಸಿದುದು ಎಂಬ ಪೀಠಿಕೆ ಅದರೊಡನೆ ಇರಬೇಕು. ಹಳೆಯ ಪ್ರತಿಯೂ ಅಭ್ಯಾಸಿಗಳಿಗೆ ದೊರೆಯುವಂತಿರಬೇಕು. ಪಾಠಾಂತರಗಳನ್ನು ಕೊಡದ ಕಾವ್ಯದ ಮುದ್ರಣವನ್ನು ನಾವು ಶಾಸ್ತ್ರೀಯವೆಂದು ಒಪ್ಪುವುದಿಲ್ಲ. ಚಿತ್ರಕ್ಕೆ ಮಾತ್ರ ಬೇರೆ ನ್ಯಾಯವಿರಲು ಕಾರಣವಿಲ್ಲ.